ಗಿನಿ-ಬಿಸ್ಸಾವು ದೇಶದ ಬತ್ತವೂ ಗೇರುಬೀಜವೂ

ಪಶ್ಚಿಮ ಆಫ್ರಿಕದಲ್ಲಿ ಅಟ್ಲಾಂಟಿಕ್ ಸಾಗರದ ತೀರದ ಮೇಲೆ, ಉತ್ತರಕ್ಕೆ ಸೆನೆಗಾಲ್ ದೇಶವೂ ಪೂರ್ವ ದಕ್ಷಿಣಗಳಿಗೆ ಗಿನಿ ದೇಶವೂ ಎಲ್ಲೆಗಳಾಗಿ, ಗಿನಿ-ಬಿಸ್ಸಾವು ಎಂಬ ಒಂದು ಸಣ್ಣ ದೇಶವಿರುತ್ತದೆ. ಇದರ ವಿಸ್ತೀರ್ಣವು 36,125 ಚದರ ಕಿಲೋಮೀಟರು. ಎಂದರೆ ಕರ್ನಾಟಕ ರಾಜ್ಯದ ಐದನೆಯ ಒಂದು ಪಾಲಿಗಿಂತಲೂ ಸ್ವಲ್ಪ ಕಡಮೆ. ಜನಸಂಖ್ಯೆಯು ಸುಮಾರು 20 ಲಕ್ಷ. ಭೂಪಟದಲ್ಲಿ ಸುಲಭವಾಗಿ ಕಣ್ಣಿಗೆ ಬೀಳದಷ್ಟು ಚಿಕ್ಕದಾದರೂ ಈ ದೇಶದ ವೃತ್ತಾಂತವನ್ನು ವ್ಯವಸಾಯಗಾರರು ತಿಳಿದುಕೊಳ್ಳುವುದಕ್ಕೆ ಎರಡು ಕಾರಣಗಳುಂಟು. ಇಲ್ಲಿನ ರೈತರು ಸಮುದ್ರದ ಉಪ್ಪುನೀರು ನುಗ್ಗತಕ್ಕ ಕೆಸರು ನೆಲಕ್ಕೆ ಒಡ್ಡುಗಳನ್ನು ಹಾಕಿ ಬತ್ತವನ್ನು ಬೆಳೆಯುವುದರಲ್ಲಿ ಶತಮಾನಗಳಿಂದಲೂ ನಿಪುಣರಾಗಿರುವರೆಂಬುದು ಒಂದು. ಈಚಿನ ನಾಲ್ಕು ದಶಕಗಳಲ್ಲಿ ಇವರು ಹೆಚ್ಚಾಗಿ ಬೆಳೆಯುತ್ತಿರುವ ಗೇರುಬೀಜದ ಬಹುಭಾಗವು ಸಿಪ್ಪೆಯೊಡನೆಯೇ ಭಾರತಕ್ಕೂ ವಿಯಟ್ನಾಮಿಗೂ ಸಾಗಿಹೋಗುವುದೆಂಬುದು ಇನ್ನೊಂದು. ಹಿಂದೆ ಅಕ್ಕಿಯನ್ನು ಹೊರಕ್ಕೆ ಕಳುಹಿಸುತ್ತಿದ್ದ ಈ ದೇಶವು ಈಗ ಗೇರುಬೀಜವನ್ನು ಮಾರಿ ಅಕ್ಕಿಯನ್ನು ಕೊಳ್ಳುತ್ತಿದೆ. ಈ ಮಾರ್ಪಾಡು ಹೇಗಾಯಿತು, ಅದರಿಂದ ರೈತನಿಗೆ ಉಂಟಾದ ಲಾಭವೇನು, ಅಪಾಯವೇನು ಎಂಬ ವಿಷಯಗಳು ಮುಂದೆ ವಿವರಿಸಲ್ಪಟ್ಟಿವೆ.

ದೇಶದ ಸ್ಥಿತಿ

ಗಿನಿ-ಬಿಸ್ಸಾವು ದೇಶದ ಕರಾವಳಿಯು ಬಹಳ ತಗ್ಗಾದುದು. ಕಶೆವು, ಮನ್ಸೋವಾ, ಜೆಬಾ ಮೊದಲಾದ ನದಿಗಳು ಅಗಲವಾದ ಅಳಿವೆಗಳಾಗಿ ಸಮುದ್ರವನ್ನು ಸೇರುತ್ತವೆ. ಪಶ್ಚಿಮ ಆಫ್ರಿಕದ ಇತರ ತೀರಗಳಿಗಿಂತಲೂ ಇಲ್ಲಿ ಭರತ ಇಳಿತಗಳು ಹೆಚ್ಚು. ಆದಕಾರಣ ಭರತಕಾಲದಲ್ಲಿ ಉಪ್ಪುನೀರು ನದಿಗಳ ಮೂಲಕ ಒಳನಾಡಿಗೆ ಬಹುದೂರ ಏರಿಬಂದು, ದಡದ ತಗ್ಗುಗಳನ್ನೆಲ್ಲ ತುಂಬಿ, ಇಳಿತಕಾಲದಲ್ಲಿ ಕೆಸರನ್ನು ಬಿಟ್ಟು ಹಿಂದಿರುಗುವುದು. ಈ ಕೆಸರಿನಲ್ಲಿ ಕಾಂಡ್ಲಾವನಗಳು ದಟ್ಟವಾಗಿ ಬೆಳೆದಿರುತ್ತವೆ. ತೀರದಿಂದಾಚೆಗೆ ಬಿಜಾಗೋಸ್ ಎಂಬ ದ್ವೀಪಸಮೂಹವಿರುವುದು. ಇದರಲ್ಲಿ 88 ದ್ವೀಪಗಳೂ ನಡುಗಡ್ಡೆಗಳೂ ಇದ್ದು ಕೆಲವು ಮಾತ್ರ ಜನವಸತಿಯುಳ್ಳವು. ಒಳನಾಡು ಜಂಬಿಟ್ಟಿಗೆ ಮಣ್ಣಿನ ಬಯಲು. ಆಗ್ನೇಯ ಮೂಲೆಯ ಬೊಯೆ ಎಂಬ ಪ್ರದೇಶದಲ್ಲಿ ಮಾತ್ರ ಸುಮಾರು 300 ಮೀಟರು ಎತ್ತರದ ಗುಡ್ಡಗಳುಂಟು.

ಮಳೆಗಾಲವು ಜೂನ್ ತಿಂಗಳಿನಿಂದ ಅಕ್ಟೋಬರು ತಿಂಗಳವರೆಗೆ. ಈಶಾನ್ಯದಲ್ಲಿ ವರ್ಷಕ್ಕೆ ಸುಮಾರು 1,200 ಮಿಲಿಮೀಟರು ಮಳೆಯಾದರೆ, ದಕ್ಷಿಣದ ತೊಂಬಾಲಿ ಸೀಮೆಯಲ್ಲಿ 2,000 ಮಿಲಿಮೀಟರಿಗೂ ಹೆಚ್ಚಾಗಿ ಬೀಳುವುದು. ಉಳಿದ ತಿಂಗಳುಗಳಲ್ಲಿ ಹನಿಯೂ ಇಲ್ಲವೆನ್ನಬಹುದು. ರಾಜಧಾನಿಯು ಬಿಸ್ಸಾವು ಪಟ್ಟಣ. ಸರಕಾರದ ಭಾಷೆ ಪೋರ್ಚುಗೀಸು. ಜನರು ಪರಸ್ಪರ ವ್ಯವಹರಿಸುವುದು ಅದರಿಂದ ಹುಟ್ಟಿದ ಕ್ರಿಯೋಲು ಭಾಷೆಯಲ್ಲಿ. ಬಲಾಂಟ, ಫೂಲ, ಮಂಡಿಂಕ, ಮಂಜಾಕೊ, ಪಪೆಲ್ ಮೊದಲಾದ ಅನೇಕ ಜನಾಂಗಗಳಿರುತ್ತವೆ. ಇವರಲ್ಲಿ ಫೂಲರೂ ಮಂಡಿಂಕರೂ ಬಹುಮಟ್ಟಿಗೆ ಒಳನಾಡಿನ ದನಗಾಹಿಗಳು ಮತ್ತು ಒಣಬೇಸಾಯಗಾರರು. ತೀರದ ಕೆಸರು ನೆಲದ ಬತ್ತದ ಬೇಸಾಯದಲ್ಲಿ ಬಲಾಂಟರು ಹೆಸರಾದವರು.

ಉಪ್ಪು ನೆಲದ ಬತ್ತದ ಬೇಸಾಯ

ಬತ್ತವು ಏಷ್ಯಾ ಖಂಡದಿಂದ ಮಾತ್ರವೇ ಲೋಕಕ್ಕೆಲ್ಲ ಹರಡಿತೆಂದು ಅನೇಕರು ಭಾವಿಸಿರುವರು. ಇದು ಸರಿಯಲ್ಲ. ಪಶ್ಚಿಮ ಆಫ್ರಿಕದ ಜನರು ನೈಜರ್ ನದಿಯ ಒಳನಾಡಿನ ತಗ್ಗುಗಳಲ್ಲಿ ಸುಮಾರು 3,000 ವರ್ಷಗಳ ಹಿಂದೆಯೇ ಬೇರೊಂದು ಜಾತಿಯ ಬತ್ತವನ್ನು ಸಾಗುವಳಿಗೆ ತಂದಿದ್ದರು. ಏಷ್ಯಾದ ಬತ್ತವು ಬಂದುದು ಬಹುಕಾಲದ ತರುವಾಯ.

ಕಾಂಡ್ಲಾ ನೆಲವನ್ನು ಗದ್ದೆಯನ್ನಾಗಿ ಮಾಡುವ ಕ್ರಮವು ಹೀಗಿರುವುದು. ಮೊದಲು ಭರತದ ನೀರು ಬರುವ ಕಡೆಗೆ ಕೆಸರಿನಿಂದಲೇ ಒಂದು ದೊಡ್ಡ ಒಡ್ಡನ್ನು ಹಾಕುತ್ತಾರೆ. ಇದಕ್ಕೆ ಬಲಾಂಟರು ಉಪಯೋಗಿಸತಕ್ಕ ಮುಖ್ಯವಾದ ಆಯುಧವು ಕೆಬಿಂಡೆ ಎಂಬುದು. ಆಳಿನ ಎತ್ತರವನ್ನೂ ಮೀರಿದ ಹಿಡಿಯುಳ್ಳ ಮರದ ಸಲಿಕೆಗೆ ತುದಿಯಲ್ಲಿ ಕಬ್ಬಿಣದ ಅಂಚನ್ನು ಕಟ್ಟಿರುತ್ತಾರೆ. ಇದರಿಂದ ಅಂಟುಮಣ್ಣನ್ನು ದಿಂಡುದಿಂಡಾಗಿ ಕತ್ತರಿಸಿ ಎತ್ತಿಹಾಕುವುದು ಬಹು ಬಲವಂತರ ಕೆಲಸ. ಒಡ್ಡಿನ ಅಡಿಯಲ್ಲಿ ಟೊಳ್ಳು ಮಾಡಿದ ಮರದ ಬೊಡ್ಡೆಗಳನ್ನು ತೂಬುಗಳಾಗಿ ಇಟ್ಟು ಅವುಗಳಿಗೆ ಬಿರಡೆ ಹಾಕುವರು. ಸಮುದ್ರದ ನೀರು ನಿಂತ ಮೇಲೆ ಕಾಂಡ್ಲಾ ಗಿಡಗಳು ಸಾಯುತ್ತವೆ. ಅನಂತರ ಎರಡು ಮೂರು ಮಳೆಗಾಲಗಳು, ಕೆಲವು ವೇಳೆ ಅದಕ್ಕೂ ಹೆಚ್ಚು ಕಾಲ, ಮಳೆಯ ನೀರನ್ನು ತಡೆದು ನಿಲ್ಲಿಸಿ, ಇಳಿತಕಾಲದಲ್ಲಿ ತೂಬಿನಿಂದ ಹೊರಕ್ಕೆ ಬಿಟ್ಟು, ಮಣ್ಣಿನ ಉಪ್ಪನ್ನು ತೊಳೆಯುತ್ತಾರೆ. ಹೀಗೆ ಸಿದ್ಧವಾದ ಗದ್ದೆಗೆ ಬೊಲಾನ್ಯ ಎಂದು ಹೆಸರು.

ಗದ್ದೆಯಲ್ಲಿ ಏರುಗಳನ್ನು ಮಾಡಿ, ಊರ ಬಳಿಯ ಎತ್ತರದ ನೆಲದಲ್ಲಿ ಬೆಳೆಸಿದ ಸಸಿಗಳನ್ನು ಆಗಸ್ಟು ಸೆಪ್ಟೆಂಬರು ತಿಂಗಳುಗಳಲ್ಲಿ, ಉಪ್ಪು ಸಾಕಷ್ಟು ಇಳಿದ ಮೇಲೆ, ನಾಟಿ ಮಾಡುವರು. ಬೇಸಿಗೆಯ ಮೊದಲಲ್ಲಿ ಕೊಯ್ಲು. ಉತ್ತರ ಕನ್ನಡ ಜಿಲ್ಲೆಯ ಅಘನಾಶಿನಿ ಅಳಿವೆಯಲ್ಲಿ ಗಜನಿ ಗದ್ದೆಗಳನ್ನೂ ಅಲ್ಲಿ ಬೆಳೆಯುವ ಕಗ್ಗ ಬತ್ತವನ್ನೂ ಬಲ್ಲವರಿಗೆ ಈ ಕ್ರಮವು ಅಪರಿಚಿತವೆಂದು ತೋರಲಾರದು.

ಇಲ್ಲಿ ಗಮನಿಸತಕ್ಕ ಸೂಕ್ಷ್ಮವೊಂದುಂಟು. ಬೇಸಿಗೆಯಲ್ಲಿ ಗದ್ದೆಯು ಬರಿದಾಗಿರುವಾಗ ರೈತರು ತಾವಾಗಿಯೇ ತೂಬನ್ನು ತೆಗೆದು ಉಪ್ಪುನೀರನ್ನು ಒಳಕ್ಕೆ ಬಿಡುವುದುಂಟು. ಕಷ್ಟಪಟ್ಟು ತೊಳೆದ ಉಪ್ಪನ್ನು ಮತ್ತೆ ಬರಮಾಡುವುದು ಅವಿವೇಕವೆಂದು ಹೊರಗಿನವರಿಗೆ ತೋರಬಹುದು. ಆದರೆ ಕಾಂಡ್ಲಾ ಕೆಸರಿನಲ್ಲಿ ಗಂಧಕವೂ ಕಬ್ಬಿಣವೂ ಕೂಡಿದ ಪದಾರ್ಥವು ಅಡಗಿರುತ್ತದೆ. ಮಣ್ಣು ಪೂರಾ ಒಣಗಿ ಗಾಳಿ ತಾಕಿದರೆ ಇದು ಗಂಧಕಾಮ್ಲವಾಗಿ ಮಾರ್ಪಟ್ಟು, ನೆಲವು ಹುಳಿಯಾಗಿ, ಯಾವ ಪೈರೂ ಬದುಕಲಾರದು. ಉಪ್ಪುನೀರು ಮಣ್ಣನ್ನು ಹಸಿಯಾಗಿಟ್ಟು ಈ ಅಪಾಯವನ್ನು ತಪ್ಪಿಸುವುದಲ್ಲದೆ, ಕಳೆಯನ್ನು ಕೊಂದು ಹೊಸ ಮೆಕ್ಕಲನ್ನೂ ತಂದುಕೊಡುವುದು. ಉಪ್ಪನ್ನು ಮುಂದಿನ ಮಳೆಯು ತೊಳೆಯಬಲ್ಲದು. ಹುಳಿಯನ್ನು ತೊಳೆಯುವುದು ಬಹು ಕಷ್ಟ. ನೆರೆಯ ಸೆನೆಗಾಲಿನ ಕಾಸಮಾನ್ಸು ಸೀಮೆಯಲ್ಲಿ 1980ರ ದಶಕದಲ್ಲಿ ಉಪ್ಪುನೀರನ್ನು ತಡೆಯುವುದಕ್ಕಾಗಿ ಅಣೆಗಳು ಕಟ್ಟಲ್ಪಟ್ಟಾಗ, ಅವುಗಳ ಹಿಂದಿನ ನೆಲವು ಒಣಗಿ ಹುಳಿಯೇರಿದ ಅನುಭವವು ರೈತರ ಈ ಹಳೆಯ ಪದ್ಧತಿಯು ಯುಕ್ತವಾದುದೆಂಬುದನ್ನು ತೋರಿಸಿಕೊಟ್ಟಿತು.

ಒಡ್ಡಿನ ಬೇಸಾಯವು ಒಬ್ಬೊಬ್ಬರಿಂದ ಆಗತಕ್ಕದ್ದಲ್ಲ. ಏಡಿಗಳು ಕೊರೆದ ಸಣ್ಣ ತೂತೊಂದನ್ನು ಮುಚ್ಚದೆ ಬಿಟ್ಟರೆ ದೊಡ್ಡ ಭರತದ ದಿನ ಒಡ್ಡೇ ಒಡೆದು, ಇಡೀ ಊರಿನ ಗದ್ದೆಯು ಉಪ್ಪಾಗುವುದು. ಆದುದರಿಂದ ಊರಿನ ಯುವಕರೆಲ್ಲರೂ ಸಮವಯಸ್ಕರ ತಂಡಗಳಾಗಿ ಕೂಡಿ ಪ್ರತಿವರ್ಷವೂ ಒಡ್ಡುಗಳನ್ನು ದುರಸ್ತಿ ಮಾಡುವರು. ಗದ್ದೆಯ ಯಜಮಾನನು ಅವರಿಗೆ ಊಟವನ್ನೂ ಪಾನೀಯವನ್ನೂ ಒದಗಿಸುವನು. ಈ ಕೂಡುದುಡಿಮೆಯು ನಿಂತರೆ ಬೊಲಾನ್ಯವೂ ನಿಲ್ಲಲಾರದು.

ಪೋರ್ಚುಗೀಸರ ಆಳಿಕೆ

ಪೋರ್ಚುಗೀಸರು 15ನೆಯ ಶತಮಾನದ ನಡುವಿನಲ್ಲಿ ಈ ತೀರಕ್ಕೆ ಬಂದರು. ಕಶೆವು, ಬಿಸ್ಸಾವು ಎಂಬ ಠಾಣೆಗಳಿಂದ ಅವರು ಬಹುಕಾಲ ನಡೆಸಿದುದು ಗುಲಾಮರ ವ್ಯಾಪಾರ. 1755ರಲ್ಲಿ ಸ್ಥಾಪಿತವಾದ ಪೋರ್ಚುಗೀಸ್ ವ್ಯಾಪಾರ ಕಂಪೆನಿಯೊಂದು ಇಲ್ಲಿನ ಸಹಸ್ರಾರು ಜನರನ್ನು ಬ್ರೆಜಿಲಿನ ಮರಾನ್ಯಾವು ಸೀಮೆಗೆ ಸಾಗಿಸಿತು. ಬತ್ತದ ಬೇಸಾಯವನ್ನು ಬಲ್ಲ ಈ ಜನರು ಅಲ್ಲಿಯೂ ಬತ್ತದ ಹೊಲಗಳಲ್ಲಿಯೇ ದುಡಿಯಬೇಕಾಯಿತು.

ಒಳನಾಡಿನ ಮೇಲೆ ಪೋರ್ಚುಗೀಸರ ಅಧಿಕಾರವು ನೆಲೆಗೊಂಡುದು 20ನೆಯ ಶತಮಾನದಲ್ಲಿಯೇ. 1913ರಿಂದ 1915ರವರೆಗೆ ನಡೆದ ದಂಡಯಾತ್ರೆಗಳ ತರುವಾಯ ಗುಡಿಸಲಿಗೆ ಇಷ್ಟೆಂದು ತೆರಿಗೆಯನ್ನು ಹಣವಾಗಿಯೇ ವಸೂಲು ಮಾಡುವುದು ರೂಢಿಗೆ ಬಂದಿತು. ಹಣಕ್ಕಾಗಿ ರೈತನು ಕಡಲೆಕಾಯಿಯನ್ನು ಬೆಳೆದು ಕಂಪೆನಿಯ ಮಳಿಗೆಗೆ ಅದು ಹೇಳಿದ ಧಾರಣೆಗೆ ಒಪ್ಪಿಸಬೇಕಾಯಿತು. ಹೀಗೆ ಹೊರದೇಶದ ಪೇಟೆಗಾಗಿ ಒಂದೇ ಪದಾರ್ಥವನ್ನು ಬೆಳೆಯುವ ಕ್ರಮವು ಈ ದೇಶಕ್ಕೆ ಕಡಲೆಕಾಯಿಯ ರೂಪದಲ್ಲಿ ಮೊದಲು ಬಂದಿತು. ಆದರೂ ಬಲಾಂಟರು ಉತ್ತರದಿಂದ ದಕ್ಷಿಣದ ತೊಂಬಾಲಿ ಸೀಮೆಗೆ ವಲಸೆಹೋಗಿ ಅಲ್ಲಿ ಹೊಸ ಒಡ್ಡುಗಳನ್ನು ಹಾಕಿದ್ದರಿಂದ ಬತ್ತದ ಹುಟ್ಟುವಳಿಯು ಹೆಚ್ಚಿ, ದೇಶದ ಅಗತ್ಯವನ್ನು ಪೂರೈಸಿ ಮಿಕ್ಕ ಅಕ್ಕಿಯು ರಫ್ತಾಗುತ್ತಿದ್ದಿತು.

ವ್ಯವಸಾಯತಜ್ಞ ಕಬ್ರಾಲ್

ಈ ದೇಶದ ಸ್ವಾತಂತ್ರ್ಯದ ಮುಖಂಡರು ವ್ಯವಸಾಯ ಇಲಾಖೆಯ ನೌಕರರಾಗಿದ್ದವರೆಂಬುದು ವಿಶೇಷವಾದ ಸಂಗತಿ. ಅಮಿಲ್ಕಾರ್ ಕಬ್ರಾಲರು 1924ರಲ್ಲಿ ಬಫಾಟಾ ಎಂಬ ಊರಿನಲ್ಲಿ ಜನಿಸಿದರು. ಲಿಸ್ಬನ್ ನಗರದಲ್ಲಿ ವ್ಯವಸಾಯಶಾಸ್ತ್ರವನ್ನು ವ್ಯಾಸಂಗಮಾಡಿ, 1952ರಲ್ಲಿ ಸ್ವದೇಶಕ್ಕೆ ಹಿಂದಿರುಗಿ, ಬಿಸ್ಸಾವು ಬಳಿಯ ಪೆಸ್ಸುಬೆ ಪ್ರಯೋಗಕ್ಷೇತ್ರದಲ್ಲಿ ಕೆಲಸಕ್ಕೆ ಸೇರಿದರು. 1953ರಲ್ಲಿ ದೇಶದ ವ್ಯವಸಾಯ ಗಣತಿಯ ಕಾರ್ಯವು ಇವರಿಗೆ ವಹಿಸಲ್ಪಟ್ಟಿತು. ಊರೂರು ಸುತ್ತಿ, ಯಾವ ಜನಾಂಗದವರು ಯಾವ ಪೈರನ್ನು ಎಷ್ಟು ನೆಲದಲ್ಲಿ ಹೇಗೆ ಬೆಳೆಯುವರೆಂಬುದನ್ನು ಕ್ರಮವಾಗಿ ಬರೆದಿಟ್ಟರು. ಗಣತಿಯ ವರದಿಯು 1956ರಲ್ಲಿ ಪ್ರಕಟವಾಯಿತು. ಕಡಲೆಕಾಯಿಯೊಂದನ್ನೇ ನೆಚ್ಚಿದ ಬೇಸಾಯದಿಂದ ಭೂಸಾರವು ಕ್ಷೀಣಿಸುವುದೆಂದು ಇವರು ಆಗಲೇ ಎಚ್ಚರಿಸಿದ್ದರು.

1956ರಲ್ಲಿ ಕಬ್ರಾಲರೂ ಅವರ ಸಂಗಡಿಗರೂ ಸ್ವಾತಂತ್ರ್ಯ ಪಕ್ಷವನ್ನು ಸ್ಥಾಪಿಸಿದರು. 1959ರ ಆಗಸ್ಟು 3ರಂದು ಬಿಸ್ಸಾವಿನ ಪಿಜಿಗಿಟಿ ಹಡಗುಕಟ್ಟೆಯಲ್ಲಿ ಮುಷ್ಕರ ಹೂಡಿದ ಕೂಲಿಗಾರರ ಮೇಲೆ ಗುಂಡು ಹಾರಿಸಲ್ಪಟ್ಟು ಅನೇಕರು ಮಡಿದ ಬಳಿಕ, ಪಕ್ಷವು ಹಳ್ಳಿಗಳ ಕಡೆಗೆ ತಿರುಗಿತು. 1963ರಲ್ಲಿ ಯುದ್ಧವು ಪ್ರಾರಂಭವಾಯಿತು. ದಕ್ಷಿಣದ ಬತ್ತದ ಸೀಮೆಯೇ ಯುದ್ಧದ ಮುಖ್ಯ ನೆಲೆಯಾಯಿತು. ಬಲಾಂಟರ ಅಕ್ಕಿಯಿಂದ ಹೋರಾಟಗಾರರಿಗೆ ಊಟವು ನಡೆಯಿತು. ಅದೇ ಕಾರಣದಿಂದ ಆ ಸೀಮೆಯು ವಿಮಾನದಾಳಿಗಳಿಗೂ ಗುರಿಯಾಯಿತು. ಒಡ್ಡುಗಳು ಒಡೆದವು, ಜನರು ಊರು ಬಿಟ್ಟರು, ಬಿಟ್ಟ ಗದ್ದೆಗಳನ್ನು ಸಮುದ್ರವು ಮರಳಿ ತೆಗೆದುಕೊಂಡಿತು. 1973ರ ಜನವರಿ 20ರಂದು ಕಬ್ರಾಲರು ಕೊನಾಕ್ರಿ ನಗರದಲ್ಲಿ ಕೊಲೆಗೀಡಾದರು. ಅದೇ ವರ್ಷ ಸೆಪ್ಟೆಂಬರು 24ರಂದು ಸ್ವಾತಂತ್ರ್ಯವು ಘೋಷಿತವಾಯಿತು. 1974ರ ಸೆಪ್ಟೆಂಬರಿನಲ್ಲಿ ಪೋರ್ಚುಗಲ್ ಅದನ್ನು ಒಪ್ಪಿಕೊಂಡಿತು. ಆ ವೇಳೆಗೆ ಅಕ್ಕಿಯನ್ನು ರಫ್ತು ಮಾಡುತ್ತಿದ್ದ ದೇಶವು ಅಕ್ಕಿಯನ್ನು ತರಿಸಿಕೊಳ್ಳತಕ್ಕ ದೇಶವಾಗಿದ್ದಿತು.

ಗೇರು ಮರವು ಹಬ್ಬಿದ ಬಗೆ

ಗೇರು ಮರದ ತವರು ಬ್ರೆಜಿಲ್. ಅಲ್ಲಿಂದ ಪೋರ್ಚುಗೀಸರೇ ಇದನ್ನು ಭಾರತದ ಪಶ್ಚಿಮ ತೀರಕ್ಕೂ ಆಫ್ರಿಕಕ್ಕೂ ತಂದರು. ಗಿನಿ-ಬಿಸ್ಸಾವಿನಲ್ಲಿ ಇದು ಬಹುಕಾಲ ಅಲ್ಲೊಂದು ಇಲ್ಲೊಂದು ಇದ್ದಿತೇ ಹೊರತು ವ್ಯಾಪಾರದ ಪೈರಾಗಿರಲಿಲ್ಲ. 1980ರ ದಶಕದಲ್ಲಿ ಸರಕಾರವು ವ್ಯಾಪಾರದ ಮೇಲಿನ ನಿರ್ಬಂಧಗಳನ್ನು ಸಡಿಲಿಸಿ ಖಾಸಗಿ ವರ್ತಕರಿಗೆ ಅವಕಾಶ ಕೊಟ್ಟ ಮೇಲೆ ಇದು ಶೀಘ್ರವಾಗಿ ಹಬ್ಬಿತು.

ಇದಕ್ಕೆ ಕಾರಣಗಳು ಸ್ಪಷ್ಟವಾಗಿವೆ. ಗೇರು ಮರಕ್ಕೆ ಒಡ್ಡು ಬೇಡ, ತೂಬು ಬೇಡ. ಜಂಬಿಟ್ಟಿಗೆ ನೆಲದಲ್ಲಿಯೂ ಬೇಸಿಗೆಯ ಬರದಲ್ಲಿಯೂ ಅದು ಬದುಕುವುದು. ಎತ್ತರದ ನೆಲದಲ್ಲಿ ಕುಮರಿ ಕಡಿದು ಸುಟ್ಟು ಬತ್ತವನ್ನೋ ಕಡಲೆಕಾಯಿಯನ್ನೋ ಬಿತ್ತುವಾಗ ನಡುನಡುವೆ ಗೇರಿನ ಬೀಜವನ್ನೂ ಊರಿದರೆ, ಮೂರು ನಾಲ್ಕು ವರ್ಷಗಳಲ್ಲಿ ಮರವು ಫಲಕ್ಕೆ ಬರುವುದು. ನೆಟ್ಟ ಮರವು ನೆಲದ ಮೇಲಿನ ಹಕ್ಕಿಗೂ ಸಾಕ್ಷಿಯಾಗುವುದು. 1960ರ ದಶಕದ ಕೊನೆಯಿಂದ ಮಳೆಯು ಹಲವು ವರ್ಷ ಕುಗ್ಗಿ ಬೊಲಾನ್ಯಗಳ ಉಪ್ಪು ತೊಳೆಯದೆ ಹೋದುದೂ, ಯುವಕರು ಪಟ್ಟಣ ಸೇರಿ ಒಡ್ಡಿನ ಕೆಲಸಕ್ಕೆ ಆಳು ಸಾಲದೆ ಬಂದುದೂ ಇದಕ್ಕೆ ಸಹಾಯಕವಾದುವು. ವಯಸ್ಸಾದವರೂ ಹೆಂಗಸರೂ ಮಕ್ಕಳೂ ಗೇರುಬೀಜವನ್ನು ಆಯ್ದು ತರಬಹುದು. ಹಣ್ಣಿನ ರಸದಿಂದ ಹೆಂಗಸರು ಮದ್ಯವನ್ನು ಮಾಡಿ ಮಾರುವುದರಿಂದ ಅವರ ಕೈಗೂ ನಾಲ್ಕು ಕಾಸು ಸೇರುವುದು.

ಈಗ ಸಾಮಾನ್ಯವಾಗಿ ವರ್ಷಕ್ಕೆ ಒಂದೂವರೆ ಲಕ್ಷದಿಂದ ಎರಡು ಲಕ್ಷ ಟನ್ನುಗಳವರೆಗೆ ಸಿಪ್ಪೆಬೀಜವು ರಫ್ತಾಗುತ್ತದೆ. ದೇಶದ ರಫ್ತಿನ ಆದಾಯದಲ್ಲಿ ಹತ್ತರಲ್ಲಿ ಒಂಬತ್ತು ಪಾಲಿನಷ್ಟು ಇದೊಂದರಿಂದಲೇ ಬರುವುದು. ಸರಕಾರದ ಬೊಕ್ಕಸವೂ ಹಳ್ಳಿಯ ಸಂಸಾರವೂ ಒಂದೇ ಮರವನ್ನು ಅವಲಂಬಿಸಿವೆ.

ಬೀಜಕ್ಕೆ ಬದಲಾಗಿ ಅಕ್ಕಿ

ಹಳ್ಳಿಗಳಲ್ಲಿ ಈ ವ್ಯಾಪಾರವು ಬಹುವಾಗಿ ಅದಲುಬದಲಿನ ಕ್ರಮದಲ್ಲಿ ನಡೆಯುತ್ತ ಬಂದಿದೆ. ಏಪ್ರಿಲ್ ತಿಂಗಳಿನಿಂದ ಜೂನ್ ತಿಂಗಳವರೆಗೆ ಬೀಜ ಬೀಳುವ ಕಾಲ. ಮನೆಯ ಬತ್ತವು ಮುಗಿಯುತ್ತ ಬರುವುದೂ ಅದೇ ಕಾಲದಲ್ಲಿ. ವರ್ತಕನು ಹೊರದೇಶದ ಅಕ್ಕಿಯ ಮೂಟೆಗಳೊಡನೆ ಊರಿಗೆ ಬಂದು ಬೀಜವನ್ನು ಒಯ್ಯುವನು. ಧಾರಣೆಯು ಒಳ್ಳೆಯದಾದ ವರ್ಷಗಳಲ್ಲಿ ಒಂದು ಕಿಲೋ ಬೀಜಕ್ಕೆ ಒಂದು ಕಿಲೋ ಅಕ್ಕಿ ಸಿಕ್ಕಿದರೆ, ಕೆಟ್ಟ ವರ್ಷಗಳಲ್ಲಿ ಒಂದು ಕಿಲೋ ಅಕ್ಕಿಗೆ ಎರಡು ಕಿಲೋ, ಕೆಲವು ಕಡೆಗಳಲ್ಲಿ ಮೂರು ಕಿಲೋ ಬೀಜವನ್ನು ಕೊಡಬೇಕಾಗುವುದು. ಬೀಜದ ಧಾರಣೆಯೂ ಅಕ್ಕಿಯ ಧಾರಣೆಯೂ ನಿರ್ಣಯವಾಗುವುದು ದೂರದ ಪೇಟೆಗಳಲ್ಲಿ. ಮಳೆಗಾಲದ ಹಸಿವಿನ ತಿಂಗಳುಗಳು ಎದುರಿಗಿರುವಾಗ ಬೀಜವನ್ನು ಮಾರದೆ ಕಾದಿಡುವ ಶಕ್ತಿಯು ರೈತನಿಗಿಲ್ಲ.

2006ರಲ್ಲಿ ಸರಕಾರವು ರೈತರ ಹಿತಕ್ಕಾಗಿ ಬೀಜಕ್ಕೆ ಹೆಚ್ಚಾದ ಕನಿಷ್ಠ ಧಾರಣೆಯನ್ನು ಗೊತ್ತುಮಾಡಿತು. ವರ್ತಕರು ಆ ಧಾರಣೆಗೆ ಕೊಳ್ಳಲು ಮುಂದೆ ಬರಲಿಲ್ಲ. ಬೀಜವು ಮನೆಗಳಲ್ಲಿಯೇ ಉಳಿದು, ಕಡೆಗೆ ಬಹಳ ಕಡಮೆ ಬೆಲೆಗೆ ಹೋಯಿತು. ದಕ್ಷಿಣದಲ್ಲಿ ಗದ್ದೆಗಳಿಗೆ ಉಪ್ಪುನೀರು ನುಗ್ಗಿ ಬತ್ತವೂ ಕೆಟ್ಟಿದ್ದರಿಂದ ಅಲ್ಲಿಯ ಜನರಿಗೆ ಆ ವರ್ಷ ಆಹಾರದ ಕಷ್ಟವು ತೀವ್ರವಾಯಿತು. ಎರಡು ಪೈರುಗಳಲ್ಲಿ ಒಂದಾದರೂ ನಿಂತಿದ್ದರೆ ಸಂಸಾರವು ಹೇಗೋ ದಾಟುತ್ತಿದ್ದಿತು.

ಇದಲ್ಲದೆ ಗೇರಿನ ಕೊಯ್ಲು ನಡೆಯುವುದು ಒಡ್ಡುಗಳನ್ನು ದುರಸ್ತಿ ಮಾಡತಕ್ಕ ಬೇಸಿಗೆಯ ಕಾಲದಲ್ಲಿಯೇ. ಆಳುಗಳು ಗೇರುತೋಪಿಗೆ ಹೋದರೆ ಒಡ್ಡು ಹಾಗೆಯೇ ಉಳಿಯುವುದು. ಒಡ್ಡು ಒಡೆದರೆ ಮುಂದಿನ ವರ್ಷ ಕೊಳ್ಳಬೇಕಾದ ಅಕ್ಕಿಯು ಹೆಚ್ಚುವುದು. ಅದಕ್ಕಾಗಿ ಗೇರನ್ನು ಇನ್ನಷ್ಟು ನೆಡಬೇಕಾಗುವುದು. ಕುಮರಿಯ ನೆಲವನ್ನು ಮರವು ಕವಿದುಕೊಂಡ ಮೇಲೆ ಅಲ್ಲಿ ಧಾನ್ಯವನ್ನು ಬಿತ್ತುವಂತೆಯೂ ಇಲ್ಲ.

ಮಂಗಳೂರಿಗಿರುವ ಸಂಬಂಧ

ಮಂಗಳೂರಿನಲ್ಲಿ 1920ರ ದಶಕದಿಂದ ಬೆಳೆದುಬಂದ ಗೇರುಬೀಜದ ಕಾರ್ಖಾನೆಗಳಿಗೆ ಸ್ಥಳದ ಬೀಜವು ಎಂದೂ ಸಾಕಾದುದಿಲ್ಲ. ಮೊದಲು ಪೂರ್ವ ಆಫ್ರಿಕದಿಂದ, ಮುಖ್ಯವಾಗಿ ಮೊಜಾಂಬಿಕ್ ದೇಶದಿಂದ, ಬೀಜವು ಬರುತ್ತಿದ್ದಿತು. 1970ರ ದಶಕದಿಂದ ಅಲ್ಲಿಯ ಫಸಲು ಕುಗ್ಗಲು, ಕ್ರಮೇಣ ಪಶ್ಚಿಮ ಆಫ್ರಿಕದ ದೇಶಗಳು ಆ ಸ್ಥಾನವನ್ನು ಹಿಡಿದವು. ಗಿನಿ-ಬಿಸ್ಸಾವಿನ ಬೀಜಕ್ಕೆ ತಿರುಳಿನ ಪ್ರಮಾಣದಲ್ಲಿ ವರ್ತಕರಲ್ಲಿ ಒಳ್ಳೆಯ ಹೆಸರುಂಟು. ನಾಲ್ಕೈದು ಕಿಲೋ ಸಿಪ್ಪೆಬೀಜವನ್ನು ಒಡೆದರೆ ಒಂದು ಕಿಲೋ ತಿರುಳು ಸಿಗುವುದು. ಬೇಯಿಸುವುದು, ಒಡೆಯುವುದು, ಒಣಗಿಸುವುದು, ಪೊರೆ ಬಿಡಿಸುವುದು, ದರ್ಜೆಗಳಾಗಿ ವಿಂಗಡಿಸುವುದು ಎಂಬ ಈ ಕೆಲಸಗಳಿಂದ ಕರಾವಳಿಯ ಸಹಸ್ರಾರು ಹೆಂಗಸರಿಗೆ ಕೂಲಿ ದೊರೆಯುತ್ತದೆ.

ಆ ಕೂಲಿಯು ಗಿನಿ-ಬಿಸ್ಸಾವಿನಲ್ಲಿ ಹುಟ್ಟುತ್ತಿಲ್ಲ. ಅಲ್ಲಿ ಬೆಳೆದ ಬೀಜದಲ್ಲಿ ಬಹು ಸ್ವಲ್ಪ ಭಾಗವು ಮಾತ್ರ ಅಲ್ಲಿಯೇ ಒಡೆಯಲ್ಪಡುತ್ತದೆ. ವಿದ್ಯುಚ್ಛಕ್ತಿಯು ದುರ್ಲಭ, ಸಾಲಕ್ಕೆ ಬಡ್ಡಿ ಹೆಚ್ಚು, ವರ್ಷಕ್ಕೆಲ್ಲ ಬೇಕಾದ ಬೀಜವನ್ನು ಎರಡು ಮೂರು ತಿಂಗಳುಗಳಲ್ಲಿಯೇ ನಗದು ಕೊಟ್ಟು ಕೊಂಡಿಡಬೇಕು, ಸುಡುವ ಎಣ್ಣೆಯುಳ್ಳ ಸಿಪ್ಪೆಯಿಂದ ತಿರುಳನ್ನು ಒಡೆಯದಂತೆ ತೆಗೆಯುವ ಕೈಚಳಕವು ಅಭ್ಯಾಸದಿಂದ ಬರಬೇಕು. ಇವುಗಳ ಮೇಲೆ 1980ರಿಂದೀಚೆಗೆ ಹಲವು ಬಾರಿ ನಡೆದ ಸೇನೆಯ ಕ್ರಾಂತಿಗಳೂ, 1998-99ರ ಅಂತರ್ಯುದ್ಧವೂ ಸೇರಿ, ಕಾರ್ಖಾನೆಗೆ ಬಂಡವಾಳ ಹಾಕುವವರನ್ನು ಹಿಂಜರಿಸಿದವು. ಅಲ್ಲಿಗೆ ಆಮದಾಗುವ ಅಕ್ಕಿಯು ಏಷ್ಯಾದ ದೇಶಗಳದು. ಅವುಗಳಲ್ಲಿ ಭಾರತವೂ ಒಂದು. 2022ರ ಸೆಪ್ಟೆಂಬರಿನಲ್ಲಿ ಭಾರತವು ನುಚ್ಚಕ್ಕಿಯ ರಫ್ತನ್ನು ನಿಲ್ಲಿಸಿದಾಗ, ಅದನ್ನೇ ನೆಚ್ಚಿದ್ದ ಪಶ್ಚಿಮ ಆಫ್ರಿಕದ ಹಲವು ದೇಶಗಳಿಗೆ ಚಿಂತೆಗಿಟ್ಟುಕೊಂಡಿತು.

ಸುಧಾರಣೆಯ ಮಾರ್ಗಗಳು

ಗೇರನ್ನು ಕಡಿದುಹಾಕಬೇಕೆಂದು ಯಾರೂ ಹೇಳುವುದಿಲ್ಲ. ಬಡವನ ಕೈಗೆ ಹಣವನ್ನು ತಂದುಕೊಟ್ಟ ಮರವದು. ತೋಪುಗಳಲ್ಲಿ ಬೀಜ ಊರಿ ಒತ್ತೊತ್ತಾಗಿ ಬೆಳೆಸಿದ ಮರಗಳೇ ಹೆಚ್ಚಾಗಿರುವುದರಿಂದ ಮರವೊಂದರ ಫಲವು ಕಡಮೆ. ಕೆಲವು ಮರಗಳನ್ನು ತೆಗೆದು ಬಿಸಿಲು ಗಾಳಿಗಳಿಗೆ ಎಡೆಮಾಡಿದರೆ ಅಷ್ಟೇ ನೆಲದಲ್ಲಿ ಹೆಚ್ಚು ಬೀಜವನ್ನು ಪಡೆಯಬಹುದು. ಆಯ್ದ ತಾಯಿಮರಗಳಿಂದ ಕಸಿ ಮಾಡಿದ ಗಿಡಗಳನ್ನು ನೆಡುವ ಕ್ರಮವು ಭಾರತದಲ್ಲಿ ಚೆನ್ನಾಗಿ ರೂಢಿಗೆ ಬಂದಿದೆ. 1986ರಲ್ಲಿ ಪುತ್ತೂರಿನಲ್ಲಿ ಸ್ಥಾಪಿತವಾದ ಗೇರು ಸಂಶೋಧನಾ ಕೇಂದ್ರವು ಈ ಕೆಲಸವನ್ನು ನಡೆಸುತ್ತಿದೆ. ಹೊಸ ತೋಪಿನಲ್ಲಿ ಸಾಲುಗಳ ನಡುವೆ ಕೆಲವು ವರ್ಷ ಧಾನ್ಯವನ್ನೂ ದ್ವಿದಳವನ್ನೂ ಬೆಳೆಯುವುದು, ಜೇನು ಸಾಕುವುದು ಮುಂತಾದವೂ ಪ್ರಯೋಜನಕರವಾದವು.

ಬೊಲಾನ್ಯಗಳ ವಿಷಯದಲ್ಲಿ ಈಗ ಕೈಕೊಳ್ಳಲ್ಪಡುತ್ತಿರುವ ಕೆಲಸವು ಹಳೆಯ ಒಡ್ಡುಗಳ ಪುನರುದ್ಧಾರ. ಮರದ ಬೊಡ್ಡೆಯ ತೂಬುಗಳ ಬದಲು ಹೆಚ್ಚು ಕಾಲ ಬಾಳತಕ್ಕ ಪ್ಲಾಸ್ಟಿಕ್ ಕೊಳವೆಗಳನ್ನು ಇಡುವುದು, ಶೀಘ್ರವಾಗಿ ಮಾಗುವ ಬತ್ತದ ತಳಿಗಳನ್ನು ಒದಗಿಸುವುದು, ಒಡ್ಡಿನ ಹೊರಗಡೆ ಕಾಂಡ್ಲಾ ಗಿಡಗಳ ಪಟ್ಟಿಯನ್ನು ಕಡಿಯದೆ ಬಿಟ್ಟು ಅಲೆಯ ಹೊಡೆತವನ್ನು ತಗ್ಗಿಸುವುದು ಇವುಗಳಲ್ಲಿ ಮುಖ್ಯವಾದವು. ಸಮುದ್ರದ ಮಟ್ಟವು ಏರುತ್ತಿರುವುದರಿಂದ ಒಡ್ಡುಗಳನ್ನು ಎತ್ತರಿಸುವುದೂ ಅವಶ್ಯವಾಗಿದೆ. ಆದರೆ ಯಾವ ಕೊಳವೆಯನ್ನಿಟ್ಟರೂ ಒಡ್ಡಿಗೆ ವರ್ಷಂಪ್ರತಿ ಮಣ್ಣು ಹಾಕುವ ಕೈಗಳು ಊರಿನಲ್ಲಿ ಇರಲೇಬೇಕು. ಒಂದೊಂದು ಊರಿನಲ್ಲಿಯೂ ಗೇರಿನ ಕೊಯ್ಲಿಗೂ ಒಡ್ಡಿನ ದುರಸ್ತಿಗೂ ಆಳುಗಳನ್ನು ಹೇಗೆ ಹಂಚಬೇಕೆಂಬುದನ್ನು ಹಿರಿಯರೂ ಯುವಕರೂ ಬೇಸಿಗೆಯ ಮೊದಲಲ್ಲಿಯೇ ಕೂಡಿ ಗೊತ್ತುಮಾಡಿಕೊಳ್ಳುವುದಾದರೆ, ಬೀಜವು ಅಗ್ಗವಾದ ವರ್ಷದಲ್ಲಿಯೂ ಕಣಜದಲ್ಲಿ ಮನೆಯ ಬತ್ತವಿರುವುದು.